ವಿಮಾನ ನಿಲ್ದಾಣದಲ್ಲಿ ಅಕ್ಕನ ಪಾಳಿ

ಮೂವತ್ತನಾಲ್ಕು ವರ್ಷ ಜನರಿಗೆ ದಾರಿ ಹೇಳಿ ಸಂಬಳ ತೆಗೆದುಕೊಂಡವನು ನಾನು. ಮೊದಲು ಕಂಡಕ್ಟರ್, ಆಮೇಲೆ ಬಸ್ ನಿಲ್ದಾಣದ ಕಂಟ್ರೋಲರ್. ಚನ್ನಗಿರಿ, ಜಗಳೂರು, ಕೊನೆಗೆ ಹೊನ್ನಾಳಿ. ಗಾಜಿನ ಕಿಂಡಿಯ ಹಿಂದೆ ಕೂತು ಮೈಕಿಗೆ ಬಾಯಿಟ್ಟು "ಶಿವಮೊಗ್ಗ ಕಡೆ ಹೋಗುವ ಪ್ರಯಾಣಿಕರು..." ಎಂದು ಶುರು ಮಾಡಿದರೆ ಸಾಕು, ನಿಲ್ದಾಣದ ಆ ತುದಿಯಲ್ಲಿ ಮಂಡಕ್ಕಿ ತಿನ್ನುತ್ತಿದ್ದವರೂ ಕೈ ಒರೆಸಿಕೊಂಡು ಏಳುತ್ತಿದ್ದರು. ಇಂಥ ನಾನು ಕಳೆದ ವರ್ಷ ಒಂದು ವಿಮಾನ ನಿಲ್ದಾಣಕ್ಕೆ ಹೋಗಿ, ಹೊರಗೆ ಬರುವ ಬಾಗಿಲಿನಿಂದ ಒಳಗೆ ನುಗ್ಗಲು ನೋಡಿ ಬೈಸಿಕೊಂಡೆ. ಆಮೇಲೆ ಗಂಡಸರ ಶೌಚಾಲಯ ಎಂದುಕೊಂಡು, ತಾಯಂದಿರು ಮಕ್ಕಳಿಗೆ ಹಾಲೂಡಿಸುವ ಕೋಣೆಯ ಬಾಗಿಲು ತಳ್ಳಿದೆ. ಮಾನ ಮರ್ಯಾದೆ ಇದ್ದವರು ಇಂಥದ್ದನ್ನೆಲ್ಲ ಬರೆಯುವುದಿಲ್ಲ. ಆದರೆ ಮುಂದೆ ಹೇಳಬೇಕಾದದ್ದರ ಎದುರು ಇದೇನೂ ಅಲ್ಲ, ಅದಕ್ಕೇ ಮೊದಲು ಹೇಳಿಬಿಟ್ಟೆ.

ಅದು ಯಾವ ಊರಿನ ವಿಮಾನ ನಿಲ್ದಾಣ ಎಂದು ಮಾತ್ರ ಹೇಳುವುದಿಲ್ಲ. ಹೇಳಿಯೂ ಪ್ರಯೋಜನವಿಲ್ಲ; ಎಲ್ಲವೂ ಒಂದೇ ಥರ ಇರುತ್ತವಂತೆ. ನಮ್ಮ ಬಸ್ ನಿಲ್ದಾಣಗಳು ಹಾಗಲ್ಲ. ಕಣ್ಣು ಕಟ್ಟಿ ತಂದು ಬಿಟ್ಟರೂ ನಾನು ಗುರುತು ಹಿಡಿದೇನು. ಜಗಳೂರಿನಲ್ಲಿ ಮೊದಲು ಮೂಗಿಗೆ ಬರುವುದು ಧೂಳು, ಹೊನ್ನಾಳಿಯಲ್ಲಿ ಹೊಳೆಯ ಕಡೆಯ ಗಾಳಿ, ಚನ್ನಗಿರಿಯಲ್ಲಿ ಎಣ್ಣೆಗೆ ಬಿದ್ದ ಮೆಣಸಿನಕಾಯಿ ಬಜ್ಜಿಯ ಘಾಟು. ಅಲ್ಲಿ ಆ ದೊಡ್ಡ ಹಜಾರದಲ್ಲಿ ನನಗೆ ಬಂದದ್ದು ಸೆಂಟಿನ ಅಂಗಡಿಯ ವಾಸನೆ ಒಂದೇ. ಅದು ಯಾವ ಊರಿನದೂ ಆಗಿರಬಹುದು.

ಇದನ್ನು ಬರೆಯಲು ಕಾರಣ ಸ್ಫೂರ್ತಿ. ಚನ್ನಗಿರಿಯಲ್ಲಿ ನನ್ನ ಜೊತೆ ಕೆಲಸ ಮಾಡಿದ ರುದ್ರಪ್ಪನ ಮಗಳು. ಕಟ್ಟಡಗಳ ವಿನ್ಯಾಸ ಓದಿ, ಈಗ ವಿಮಾನ ನಿಲ್ದಾಣಗಳ ನಕ್ಷೆ ಬರೆಯುವ ಕಚೇರಿಯಲ್ಲಿ ಇದ್ದಾಳೆ. ಮೊನ್ನೆ ಊರಿಗೆ ಬಂದವಳು ನಮ್ಮ ಮನೆಗೂ ಬಂದು, "ಅಂಕಲ್, ನೀವು ಇಷ್ಟು ವರ್ಷ ಜನರ ಓಡಾಟ ನೋಡೀರಿ. ಪ್ಯಾಸೆಂಜರ್ ಫ್ಲೋ ಸಲೀಸಾಗಬೇಕು ಅಂದ್ರೆ ಏನು ಮಾಡಬೇಕು ಹೇಳ್ರಿ" ಎಂದಳು. ನನಗೆ ಹಿಗ್ಗೋ ಹಿಗ್ಗು. ನಿವೃತ್ತನಾದ ಮೇಲೆ ನನ್ನನ್ನು ಯಾರಾದರೂ ಏನಾದರೂ ಕೇಳಿದ್ದೆಂದರೆ ಗ್ಯಾಸ್ ಬುಕ್ ಮಾಡಿದ್ರಾ ಎಂದು ಅಷ್ಟೇ.

ಅವಳು ಲ್ಯಾಪ್‌ಟಾಪ್ ತೆರೆದು ಒಂದು ನಕ್ಷೆ ತೋರಿಸಿದಳು. ನೂರಾರು ನೀಲಿ ಚುಕ್ಕೆಗಳು ಒಂದು ಬಾಗಿಲಿನಿಂದ ಒಳಗೆ ಬಂದು, ಚೆದುರಿ, ಮತ್ತೆ ಸಾಲುಗೂಡಿ, ಇನ್ನೊಂದು ಬಾಗಿಲಿನಿಂದ ಹೊರಗೆ ಹೋಗುತ್ತಿದ್ದವು. "ಒಂದೊಂದು ಚುಕ್ಕೆ ಒಬ್ಬೊಬ್ಬ ಪ್ಯಾಸೆಂಜರ್, ಅಂಕಲ್." ನಾನು ಕನ್ನಡಕ ಏರಿಸಿ ಬಹಳ ಹೊತ್ತು ನೋಡಿದೆ. ಒಂದು ಚುಕ್ಕೆಯೂ ಹಿಂದಕ್ಕೆ ತಿರುಗಲಿಲ್ಲ. ಒಂದೂ ಕೂರಲಿಲ್ಲ. ಒಂದು ಚುಕ್ಕೆಗೂ ಇನ್ನೊಂದು ಚುಕ್ಕೆಯನ್ನು ಏನಾದರೂ ಕೇಳಬೇಕು ಅನ್ನಿಸಲಿಲ್ಲ.

"ಇದರಾಗೆ ನಮ್ಮಕ್ಕ ಯಾವುದಮ್ಮ?" ಎಂದು ಕೇಳಿದೆ.

ಅವಳು ನಕ್ಕಳು. ನಾನು ನಗಲಿಲ್ಲ. ಅವತ್ತು ಅವಳಿಗೆ ಬಿಡಿಸಿ ಹೇಳಲು ಆಗಲಿಲ್ಲ, ಅವಳ ಬಸ್ಸಿಗೆ ಹೊತ್ತಾಗಿತ್ತು. ಈಗ ಹೇಳುತ್ತೇನೆ. ಸಮಾಧಾನದಿಂದ ಹೇಳುತ್ತೇನೆ ಎಂದು ಮಾತ್ರ ಆಣೆ ಮಾಡಲಾರೆ.

ಮೊದಲನೆಯದಾಗಿ ಈ ಫ್ಲೋ ಎಂಬ ಮಾತೇ ನನಗೆ ಆಗಿಬರುವುದಿಲ್ಲ. ಹರಿಯುವುದು ನೀರು. ಭದ್ರಾ ನಾಲೆಯಲ್ಲಿ ನೀರು ಬಿಟ್ಟರೆ ಅದು ತೂಬು ಕಂಡಲ್ಲಿ ನುಗ್ಗುತ್ತದೆ, ಯಾರನ್ನೂ ಕೇಳುವುದಿಲ್ಲ. ಜನ ಹಾಗೆಯೇ? ಜನ ನಾಲ್ಕು ಹೆಜ್ಜೆ ಹೋಗುತ್ತಾರೆ, ನಿಲ್ಲುತ್ತಾರೆ. ಬುತ್ತಿ ಗಂಟು ಬಿಟ್ಟುಬಂದದ್ದು ನೆನಪಾಗಿ ಹಿಂದೆ ಓಡುತ್ತಾರೆ. ಬೀಗರು ಸಿಕ್ಕರೆ ಬಾಗಿಲಿನ ಮಧ್ಯದಲ್ಲೇ ನಿಂತು ಎರಡೂ ಮನೆಯ ಕ್ಷೇಮ ಸಮಾಚಾರ ಮುಗಿಸುತ್ತಾರೆ. ಹೊನ್ನಾಳಿಯಲ್ಲಿ ಒಬ್ಬಳು ತಾಯಿ ಮಗಳನ್ನು ಬಸ್ಸು ಹತ್ತಿಸಿದವಳು, ಕಿಟಕಿಯ ಹತ್ತಿರ ನಿಂತು ಮಾತು ಮುಗಿಯದೆ ತಾನೂ ಹತ್ತಿ ನ್ಯಾಮತಿಯವರೆಗೂ ಹೋಗಿ ಬಂದದ್ದನ್ನು ನಾನೇ ನೋಡಿದ್ದೇನೆ. ಆ ತಾಯಿಯನ್ನು ಯಾವ ಬಾಣದ ಗುರುತು ತಡೆದೀತು?

ಬಾಣದ ಗುರುತೆಂದರೆ ನೆನಪಾಯಿತು. ನಾನು ಹೊನ್ನಾಳಿಯಲ್ಲಿದ್ದಾಗ ಒಬ್ಬ ಎಂಜಿನಿಯರ್ ಸಾಹೇಬರು ಬಂದು ನಿಲ್ದಾಣದ ನೆಲಕ್ಕೆ ಹಳದಿ ಬಣ್ಣದಲ್ಲಿ ಬಾಣಗಳನ್ನು ಹೊಡೆಸಿದರು. ಬರುವವರು ಹೀಗೆ, ಹೋಗುವವರು ಹಾಗೆ. ಬಹಳ ಅಚ್ಚುಕಟ್ಟಾಗಿತ್ತು. ನಮ್ಮ ಜನ ಆ ಬಾಣಗಳನ್ನು ಗೌರವದಿಂದ ನೋಡಿ, ಅವುಗಳ ಮೇಲೆ ಅಡ್ಡಡ್ಡ ನಡೆದು ಟೀ ಅಂಗಡಿಗೆ ಹೋದರು. ಯಾಕೆಂದರೆ ಟೀ ಅಂಗಡಿ ಅಲ್ಲಿತ್ತು. ಸಾಹೇಬರು ನನ್ನನ್ನು ಕರೆದು, "ನಿಮ್ಮ ಜನಕ್ಕೆ ಶಿಸ್ತಿಲ್ಲ" ಎಂದರು. "ಶಿಸ್ತು ಐತೆ ಸಾರ್, ಬಾಯಾರಿಕೆನೂ ಐತೆ" ಎಂದೆ. ಮೂರು ತಿಂಗಳಿಗೆ ನನ್ನನ್ನು ಜಗಳೂರಿಗೆ ಹಾಕಿದರು. ಎರಡಕ್ಕೂ ಸಂಬಂಧವಿಲ್ಲ ಎಂದು ಕಚೇರಿಯವರು ಹೇಳಿದರು, ನಾನೂ ನಂಬಿದಂತೆ ಮುಖ ಮಾಡಿದೆ. ವರ್ಷ ತುಂಬುವುದರೊಳಗೆ ಮತ್ತೆ ಹೊನ್ನಾಳಿಗೇ ಬಂದೆ ಎನ್ನುವುದು ಬೇರೆ ಮಾತು.

ಇನ್ನು ಕೇಳುವ ಸಂಗತಿ. ಬಸ್ಸಿನ ನೆತ್ತಿಯ ಮೇಲೆ ದೊಡ್ಡ ಅಕ್ಷರದಲ್ಲಿ ಸವಳಂಗ ಎಂದು ಬರೆದಿರುತ್ತದೆ. ಅದರ ಕೆಳಗೇ ನಿಂತು, ಕನ್ನಡ ಚೆನ್ನಾಗಿ ಓದಬಲ್ಲ ಮೇಷ್ಟ್ರು ನನ್ನನ್ನು ಕೇಳುತ್ತಾರೆ: "ಇದು ಸವಳಂಗಕ್ಕೆ ಹೋಗ್ತೈತೇನ್ರಿ?" ಶುರುವಿನಲ್ಲಿ ನನಗೆ ಸಿಟ್ಟು ಬರುತ್ತಿತ್ತು. ಆಮೇಲೆ ತಿಳಿಯಿತು. ಅವರಿಗೆ ಬೇಕಾದದ್ದು ಬರೀ ದಾರಿಯಲ್ಲ, ಒಬ್ಬರ ಒಪ್ಪಿಗೆ. ಬೋರ್ಡು ತಪ್ಪಿದರೆ ಅದನ್ನು ಯಾರೂ ಹಿಡಿದು ಕೇಳಲು ಆಗುವುದಿಲ್ಲ. ಮನುಷ್ಯ ತಪ್ಪು ಹೇಳಿದರೆ ವಾಪಸ್ ಬಂದು ಜಗಳ ಆಡಬಹುದು. ವಿಮಾನ ನಿಲ್ದಾಣದಲ್ಲಿ ಬೋರ್ಡುಗಳಿಗೇನೂ ಬರವಿಲ್ಲ, ತಲೆಯೆತ್ತಿದಲ್ಲೆಲ್ಲ ಅವೇ. ಮನುಷ್ಯರೂ ಇದ್ದರು. ಆದರೆ ಎಲ್ಲರ ಕಿವಿಯಲ್ಲೂ ಏನಾದರೊಂದು ಸಿಕ್ಕಿಸಿತ್ತು.

ಹಿಂದಿನ ಕಾಲದಲ್ಲಿ ಎಲ್ಲ ಸರಿಯಿತ್ತು ಎನ್ನುವ ಜಾತಿಯವನಲ್ಲ ನಾನು. ಹಿಂದಿನ ಕಾಲ ನಮ್ಮಂಥವರನ್ನು ಎಲ್ಲಿ ನಿಲ್ಲಿಸಿತ್ತು ಎಂಬುದು ನನಗೆ ಚೆನ್ನಾಗಿ ಗೊತ್ತು. ದೇವಸ್ಥಾನದ ಪ್ರದಕ್ಷಿಣೆಯ ದಾರಿ ಬಹಳ ಜಾಣತನದ್ದು, ಸಾವಿರ ಜನ ಬಂದರೂ ಒಬ್ಬರಿಗೊಬ್ಬರು ಡಿಕ್ಕಿ ಹೊಡೆಯುವುದಿಲ್ಲ ಎಂದು ಓದಿದ್ದೇನೆ. ಇದ್ದೀತು. ನಾವು ಅದನ್ನು ಹೊರಗಿನಿಂದ ನೋಡಿದವರು. ಆದರೆ ಹಳಬರ ಒಂದು ಕೆಲಸಕ್ಕೆ ಮಾತ್ರ ನಾನು ಕೈಮುಗಿಯುತ್ತೇನೆ. ಉಬ್ರಾಣಿ ಕಡೆ ಹಳೇ ಗಾಡಿದಾರಿಯ ಪಕ್ಕದಲ್ಲಿ ಹೊರೆ ಇಳಿಸುವ ಕಲ್ಲೊಂದನ್ನು ನೋಡಿದ್ದೆ. ಎರಡು ಕಲ್ಲು ನೆಟ್ಟು ಮೇಲೊಂದು ಚಪ್ಪಡಿ ಹಾಸಿದ್ದರು. ಎತ್ತರ ಸರಿಯಾಗಿ ಆಳಿನ ಭುಜದ ಮಟ್ಟ. ತಲೆಹೊರೆ ಹೊತ್ತು ಒಬ್ಬಂಟಿಯಾಗಿ ಬಂದವರು ಹೊರೆಯನ್ನು ಅದರ ಮೇಲೆ ಜಾರಿಸಿ, ಸುಧಾರಿಸಿಕೊಂಡು, ಮತ್ತೆ ತಲೆಗೆ ಎಳೆದುಕೊಂಡು ಹೋಗಬಹುದಿತ್ತು. ಇಳಿಸಿರಪ್ಪಾ ಎಂದು ಯಾರನ್ನೂ ಗೋಗರೆಯಬೇಕಿಲ್ಲ. ಅದನ್ನು ನೆಟ್ಟ ಪುಣ್ಯಾತ್ಮ ಎಂಜಿನಿಯರಿಂಗ್ ಓದಿರಲಿಲ್ಲ, ಹೊರೆ ಹೊತ್ತಿದ್ದ ಅಷ್ಟೇ.

ಈಗ ಅಕ್ಕನ ವಿಷಯ. ದುರುಗಮ್ಮ, ನನಗಿಂತ ಒಂಬತ್ತು ವರ್ಷ ದೊಡ್ಡವಳು, ಸವಳಂಗದಲ್ಲಿ ಇದ್ದಾಳೆ. ನಲವತ್ತು ವರ್ಷ ಹೊನ್ನಾಳಿ, ನ್ಯಾಮತಿ ಕಡೆಯ ಗದ್ದೆಗಳಲ್ಲಿ ಭತ್ತದ ನಾಟಿ ಮಾಡಿದವಳು. ಹದಿನೈದು ಹೆಂಗಸರ ಗುಂಪಿಗೆ ಅವಳೇ ಮುಖಂಡಳು. ಆ ಕೆಸರೇ ಅವಳ ಎರಡೂ ಮೊಣಕಾಲನ್ನು ತಿಂದು ಹಾಕಿದೆ. ನಡೆಯುತ್ತಾಳೆ, ಆದರೆ ಒಂದೇ ಕಡೆ ನಿಂತರೆ ಐದು ನಿಮಿಷಕ್ಕೆ ಮುಖ ಕಪ್ಪಿಡುತ್ತದೆ. ನಮ್ಮ ಮನೆಗಳಿಗೆ ಬುದ್ಧನ ಪಟ ಬಂದ ದಿನದಿಂದ ಅವಳಿಗೆ, ನಮ್ಮಂಥವರು ಲಕ್ಷಗಟ್ಟಲೆ ಸೇರಿ ಬುದ್ಧನ ದಾರಿ ಹಿಡಿದ ನಾಗಪುರದ ಸ್ತೂಪ ನೋಡುವ ಆಸೆ. ರೈಲಿನಲ್ಲಿ ಅಷ್ಟು ಹೊತ್ತು ಕಾಲು ಮಡಿಸಿ ಕೂರುವುದು ಆಗದ ಮಾತು. ನಾನೇ ದೊಡ್ಡ ಮನುಷ್ಯನಂತೆ, "ವಿಮಾನದಾಗೆ ಹೋಗಿಬಿಡನ ಬಾ ಅಕ್ಕ, ಕಣ್ಣು ಮುಚ್ಚಿ ತೆಗೆಯೋದ್ರಾಗೆ ನಾಗಪುರ" ಎಂದೆ.

ಅವಳು ಒಪ್ಪಿದಳು, ಒಂದು ಷರತ್ತಿನ ಮೇಲೆ. ನಾಟಿ ಗುಂಪಿನ ಯಾರದೋ ಮಗಳು ಫೋನಿನಲ್ಲಿ ಗಾಲಿ ಕುರ್ಚಿಯ ಚಿತ್ರ ತೋರಿಸಿದ್ದಳಂತೆ. "ನೋಡೋ ತಮ್ಮಾ, ಆ ಬುದ್ಧನ ಹತ್ರ ನಾನು ನನ್ನ ಕಾಲ ಮ್ಯಾಲೆ ಹೋಗ್ತೀನಿ. ಆ ಕುರ್ಚಿ ಮ್ಯಾಲೆ ಕುಂಡ್ರಿಸಿ ಹೆಣ ತಳ್ಳಿದಂಗೆ ತಳ್ಳೋದಾದ್ರೆ ಬಾಗಿಲಿನಾಗಿಂದಲೇ ವಾಪಸ್ ಬಂದುಬಿಡ್ತೀನಿ, ಹೇಳಿರ್ತೀನಿ" ಎಂದಳು. ಅಕ್ಕ ಹೇಳಿದಳೆಂದರೆ ಮುಗಿಯಿತು. ಅವಳು ಒಮ್ಮೆ ಅರ್ಧ ನಾಟಿಯಾದ ಗದ್ದೆಯಿಂದ ಹದಿನೈದೂ ಜನರನ್ನು ಎಬ್ಬಿಸಿಕೊಂಡು ಬಂದವಳು, ಗದ್ದೆಯ ಯಜಮಾನ ಒಂದು ಮಾತು ಹೆಚ್ಚು ಆಡಿದ ಎಂದು. ಹೀಗಾಗಿ ನನ್ನ ಎದೆಯಲ್ಲಿ ಇದ್ದದ್ದು ಒಂದೇ ಅಳುಕು: ಇವಳು ವಿಮಾನದ ಬಾಗಿಲು ಮುಟ್ಟುತ್ತಾಳೋ, ಅರ್ಧದಲ್ಲೇ ಬೆನ್ನು ತಿರುಗಿಸುತ್ತಾಳೋ.

ಗಾಲಿ ಕುರ್ಚಿ ಕೆಟ್ಟದ್ದೆಂದು ನಾನು ಹೇಳುತ್ತಿಲ್ಲ. ಬೇಕಾದವರಿಗೆ ಅದು ಬೇಕೇ ಬೇಕು, ನಾಳೆ ನನಗೂ ಬೇಕಾದೀತು. ಆದರೆ ನಡೆಯಬಲ್ಲವರಿಗೆ ಅದೊಂದೇ ಉಪಾಯ ಎಂದಾದರೆ ಎಲ್ಲೋ ಏನೋ ಕೆಟ್ಟಿದೆ. ನಮ್ಮ ಅಕ್ಕನಿಗೆ ಬೇಕಿದ್ದದ್ದು ಎರಡು ಹೆಜ್ಜೆಗೊಮ್ಮೆ ಕೂರುವ ಜಾಗ. ಅವರ ಹತ್ತಿರ ಇದ್ದದ್ದು ಒಂದೋ ಓಡುವವರ ದಾರಿ, ಇಲ್ಲವೋ ಕೂರಿಸಿ ತಳ್ಳುವವರ ದಾರಿ. ನಿಧಾನವಾಗಿ ನಡೆಯುವವರಿಗೆ ಅಂತ ದಾರಿಯನ್ನೇ ಯಾರೂ ಬರೆದಿರಲಿಲ್ಲ.

ಅಂತೂ ಬೆಳಗಿನ ಹತ್ತಕ್ಕೆ ಒಳಗೆ ಹೋದೆವು. ಬಾಗಿಲಿನಲ್ಲಿ ಗುರುತಿನ ಚೀಟಿ, ಕೌಂಟರಿನಲ್ಲಿ ಟಿಕೆಟ್ಟು, ಅಲ್ಲಿಯ ಹುಡುಗಿ ಮುಗುಳುನಗುತ್ತ ಗಾಲಿ ಕುರ್ಚಿ ಬೇಕೇ ಎಂದು ಕೇಳಿದ್ದು, ನಾನು ಅಕ್ಕನಿಗೆ ಕೇಳಿಸದಂತೆ ಬೇಡ ಎಂದದ್ದು, ಎಲ್ಲ ಆಯಿತು. ಆಮೇಲೆ ತಪಾಸಣೆಯ ಸಾಲು. ಅಯ್ಯೋ ದೇವರೇ, ಆ ಸಾಲು! ಪಟ್ಟಿ ಕಟ್ಟಿ ಕಟ್ಟಿ, ಹತ್ತು ಮಾರು ದೂರದ ಜಾಗಕ್ಕೆ ಹೋಗಲು ಆರು ಸಲ ಆ ಕಡೆ ಈ ಕಡೆ ತಿರುಗಿಸಿದ್ದರು. ಒಂದು ತಿರುವಿನಲ್ಲಿ ನೋಡಿದ ಮುಖವನ್ನೇ ಮುಂದಿನ ತಿರುವಿನಲ್ಲಿ ಮತ್ತೆ ನೋಡಬೇಕು. ಮೊದಲ ಸಲ ನಾನು ಒಬ್ಬರಿಗೆ ನಮಸ್ಕಾರ ಹೇಳಿದೆ. ನಾಲ್ಕನೆಯ ಸಲಕ್ಕೆ ನಮ್ಮಿಬ್ಬರಿಗೂ ಸಾಕಾಗಿತ್ತು.

ಎರಡನೆಯ ತಿರುವಿನಲ್ಲಿ ಅಕ್ಕ ನನ್ನ ತೋಳು ಹಿಡಿದಳು. ಮುಖ ಕಪ್ಪಿಟ್ಟಿತ್ತು. ಸುತ್ತ ನೋಡಿದಳು. ಆಚೆ ಗೋಡೆಗೆ ಒಂದು ಸಾಲು ಸ್ಟೀಲಿನ ಕುರ್ಚಿಗಳಿದ್ದವು. "ತಡಿ" ಎಂದಳು. ಎರಡೂ ಚಪ್ಪಲಿಗಳನ್ನು ಬಿಚ್ಚಿ, ತಾನು ನಿಂತಿದ್ದ ಜಾಗದಲ್ಲಿ ಜೋಡಿಸಿ, ಮೂತಿ ಮುಂದಕ್ಕೆ ಮಾಡಿ ಇಟ್ಟಳು.

ನಮ್ಮ ಕಡೆಯವರಿಗೆ ಇದನ್ನು ವಿವರಿಸಬೇಕಿಲ್ಲ. ಸೊಸೈಟಿಯ ಮುಂದೆ ರೇಷನ್ನಿಗೋ ಗೊಬ್ಬರಕ್ಕೋ ಪಾಳಿ ಹಚ್ಚಿದರೆ ಬಿಸಿಲಿನಲ್ಲಿ ನಿಲ್ಲುವುದು ಚಪ್ಪಲಿ, ಮನುಷ್ಯರು ಮರದ ನೆರಳಿನಲ್ಲಿ. ಪಾಳಿ ಮುಂದೆ ಸರಿದರೆ ಹಿಂದಿನವರು ಮುಂದಿನವರ ಚಪ್ಪಲಿಯನ್ನೂ ಸರಿಸಬೇಕು. ದಾಟಿ ಹೋಗುವಂತಿಲ್ಲ, ಹೋದರೆ ಊರೆಲ್ಲ ಉಗಿಯುತ್ತದೆ. ನಾವು ಸಣ್ಣವರಿದ್ದಾಗ ಮೇಲಿನ ಕೇರಿಗೆ ಹೋದರೆ ನಮ್ಮ ಚಪ್ಪಲಿ ಕಾಲು ಬಿಟ್ಟು ಕೈಗೆ ಬರುತ್ತಿದ್ದವು. ಅಂಥಲ್ಲಿ, ಸೊಸೈಟಿಯ ಮುಂದೆ ಅಕ್ಕನ ಚಪ್ಪಲಿ ಎಲ್ಲರ ಚಪ್ಪಲಿಗಳ ನಡುವೆ ನಿಂತಿತು. ಮೊದಮೊದಲು ಯಾರೋ ಒಬ್ಬ ಅದನ್ನು ಹಿಂದಕ್ಕೆ ಒದ್ದನಂತೆ. ಅಕ್ಕ ಹೋಗಿ ತಂದು ಅಲ್ಲೇ ಇಟ್ಟಳು. ಮತ್ತೆ ಒದ್ದ, ಮತ್ತೆ ಇಟ್ಟಳು. ಮೂರನೆಯ ಸಲ ಅವನಿಗೇ ಬೇಸರವಾಯಿತು. ಅಂದಿನಿಂದ ನಾಲ್ಕನೆಯ ಜೋಡಿ ಯಾರದೇ ಇರಲಿ, ಅದು ನಾಲ್ಕನೆಯದೇ.

ಇಷ್ಟೆಲ್ಲ ಗೊತ್ತಿದ್ದೂ ನಾನು ಅಲ್ಲಿ ಪಿಸುಗುಟ್ಟಿದೆ. "ಅಕ್ಕಾ, ಇಲ್ಲಿ ಹಂಗೆಲ್ಲಾ ಮಾಡಬಾರ್ದು. ನಿನ್ನ ಜಾಗ ನಾನು ಹಿಡಿದಿರ್ತೀನಿ, ನೀನು ಹೋಗಿ ಕುಂತ್ಕೋ."

"ನಿಂದು ನಿನಗೆ, ನಂದು ನನಗೆ. ತಮ್ಮನ ಬೆನ್ನಿಂದೆ ನುಸುಳಿದ್ಲು ಅನ್ನಿಸ್ಕೊಳ್ಳಾಕೆ ನಾನು ಬಂದಿಲ್ಲ" ಎಂದಳು. ಹಿಂದೆ ನಿಂತಿದ್ದ, ಕಿವಿಗೆ ದೊಡ್ಡ ಹೆಡ್‌ಫೋನ್ ಹಾಕಿಕೊಂಡಿದ್ದ ಯುವಕನ ಕಡೆ ತಿರುಗಿ, "ಏನಪ್ಪಾ, ಇವನ್ನ ಸ್ವಲ್ಪ ಮುಂದಕ್ಕೆ ಸರಿಸ್ತಾ ಇರು, ಅಲ್ಲಿ ಕುಂತಿರ್ತೀನಿ" ಎಂದಳು. ಅವನು ಒಂದು ಕಿವಿ ತೆರೆದು, ಏನೂ ತಿಳಿಯದೆ, ಬಹಳ ಮರ್ಯಾದೆಯಿಂದ ತಲೆಯಾಡಿಸಿದ. ನಾನು ಪಟ್ಟಿಯ ಕೊಂಡಿ ಬಿಚ್ಚಿಕೊಟ್ಟೆ. ಅಕ್ಕ ಬರಿಗಾಲಿನಲ್ಲಿ ಆ ತಣ್ಣನೆಯ ಕಲ್ಲಿನ ಮೇಲೆ ನಡೆದು ಹೋಗಿ, ಕಾಲು ಚಾಚಿ ಕೂತಳು.

ಸಾಲು ಸರಿಯಿತು. ಆ ಯುವಕ ಚಪ್ಪಲಿಗಳನ್ನು ಸುತ್ತು ಹಾಕಿ ಮುಂದೆ ಬಂದ. ಅವನ ಹಿಂದಿನವರೂ ಸುತ್ತು ಹಾಕಿದರು. ನೋಡುನೋಡುತ್ತಿದ್ದಂತೆ ನಾನು ಎರಡು ತಿರುವು ಮುಂದೆ ಇದ್ದೆ. ಚಪ್ಪಲಿ ಇಟ್ಟಲ್ಲೇ ಇದ್ದವು. ಸವೆದ ಹಿಮ್ಮಡಿ, ಒಂದು ಕಡೆ ದಾರ ಹಾಕಿ ಹೊಲಿದ ಬಾರು. ಹೋಗಿ ಎತ್ತಿ ತರಬಹುದಿತ್ತು, ಹತ್ತು ಹೆಜ್ಜೆ ಅಷ್ಟೇ. ನಾನು ಹೋಗಲಿಲ್ಲ. ಇಸ್ತ್ರಿ ಮಾಡಿದ ಅಂಗಿ ಹಾಕಿದ್ದೆ. ಪಕ್ಕದಲ್ಲಿ ನಿಂತಿದ್ದವರು ಇಂಗ್ಲಿಷ್ ಪೇಪರು ಓದುತ್ತಿದ್ದರು. ನಾನು ತಲೆಯೆತ್ತಿ ಮೇಲಿನ ಮಾಡನ್ನು ನೋಡತೊಡಗಿದೆ.

ಅಷ್ಟರಲ್ಲಿ ಖಾಕಿ ತೊಟ್ಟ ಭದ್ರತೆಯವನೊಬ್ಬ ಬಂದ. ಚಪ್ಪಲಿಗಳನ್ನು ನೋಡಿ ನಿಂತ. "ಯೇ ಕಿಸ್ಕಾ ಹೈ?" ಎಂದ. ಸುತ್ತಲಿನವರು ಎರಡು ಹೆಜ್ಜೆ ಹಿಂದೆ ಸರಿದರು. ಅವನು ಗಟ್ಟಿಯಾಗಿ ಇನ್ನೊಮ್ಮೆ ಕೇಳಿದ. ಹಿಂದಿ ನನಗೆ ಚೆನ್ನಾಗಿ ಬರುತ್ತದೆ. ಯಾರದು ಎಂದು ಅವನು ಕೇಳಿದ್ದು, ಆ ಹಜಾರದಲ್ಲಿ ನನಗಿಂತ ಸ್ಪಷ್ಟವಾಗಿ ಇನ್ನು ಯಾರಿಗೂ ಅರ್ಥವಾಗಿರಲಾರದು. ನಾನು ಮಾಡನ್ನು ಇನ್ನೂ ಶ್ರದ್ಧೆಯಿಂದ ನೋಡಿದೆ. ಇದೇ ನಾನು ಹೇಳಬೇಕೆಂದಿದ್ದದ್ದು. ನನ್ನನ್ನು ಕಂಕುಳಲ್ಲಿ ಎತ್ತಿ ಬೆಳೆಸಿದ ಅಕ್ಕನ ಚಪ್ಪಲಿ ನನಗೆ ಗೊತ್ತಿಲ್ಲ ಎಂದು ನಾನು ಸುಮ್ಮನೆ ನಿಂತೆ. ಥೂ, ಈಗ ಬರೆಯುವಾಗಲೂ ನನ್ನ ಮೇಲೆ ನನಗೇ ಅಸಹ್ಯವಾಗುತ್ತದೆ.

ಅವನು ವೈರ್‌ಲೆಸ್ಸು ಬಾಯಿಗೆ ಹಿಡಿದ. ಆಗ ಗೋಡೆಯ ಕಡೆಯಿಂದ ದನಿ ಬಂತು. ಎಂಥ ದನಿ! ಆ ಗದ್ದೆಯ ಬದುವಿನಿಂದ ಈ ಗದ್ದೆಯ ಬದುವಿಗೆ ಕೂಗುವ ದನಿ. "ಏಯ್! ಮುಟ್ಟಬ್ಯಾಡ್ರಿ! ನಂದು ಅವು! ನನ್ನ ಪಾಳಿ ಅದು!"

ಇಡೀ ಹಜಾರ ತಿರುಗಿ ನೋಡಿತು. ಅಕ್ಕ ಸೊಂಟ ಹಿಡಿದುಕೊಂಡು ಕುಂಟುತ್ತ ಬರಿಗಾಲಿನಲ್ಲಿ ಬಂದಳು. ಚಪ್ಪಲಿ ಇಟ್ಟಲ್ಲೇ ಇರುವುದು ಕಂಡಿತು. ತಲೆಯೆತ್ತಿ ಎರಡು ತಿರುವು ಮುಂದೆ ನಿಂತಿದ್ದ ನನ್ನನ್ನು ಕಂಡಳು. ಬೈಯಲಿಲ್ಲ. "ಸರಿಸ್ಲಿಲ್ವೇನೋ?" ಎಂದಳು ಅಷ್ಟೇ. ಬೈದಿದ್ದರೆ ಸುಖವಿತ್ತು.

ಭದ್ರತೆಯವನು ಸಾಮಾನು ಹೀಗೆ ಬಿಡಬಾರದೆಂದೂ, ಬಿಟ್ಟರೆ ಜಪ್ತಿ ಮಾಡುತ್ತಾರೆಂದೂ, ಇನ್ನು ಅಮ್ಮ ಕಟ್ಟಕಡೆಗೆ ಹೋಗಿ ನಿಲ್ಲಬೇಕೆಂದೂ ಹಿಂದಿಯಲ್ಲಿ ಹೇಳಿದ. "ಏನಂತಾನೆ?" ಎಂದು ಅಕ್ಕ ಅಲ್ಲಿಂದಲೇ ನನ್ನನ್ನು ಕೇಳಿದಳು. ಕಟ್ಟಕಡೆಗೆ ಹೋಗಬೇಕಂತೆ ಎಂದು ಹೇಳಿದ್ದರೆ ಅವಳು ಅಲ್ಲಿಂದಲೇ ಸವಳಂಗಕ್ಕೆ ಹೊರಡುತ್ತಿದ್ದಳು. ನಾಗಪುರದ ಆಸೆ ಅಲ್ಲಿಗೇ ತೀರುತ್ತಿತ್ತು. ಪಟ್ಟಿಗಳನ್ನು ಒಂದೊಂದಾಗಿ ಬಿಚ್ಚುತ್ತ, ನನ್ನ ಪಾಳಿ ಬಿಟ್ಟು, ಹಿಂದಕ್ಕೆ ನಡೆದೆ. ಮೂವತ್ತನಾಲ್ಕು ವರ್ಷ ಬಸ್ಸಿನೊಳಗೂ ಮೈಕಿನ ಮುಂದೆಯೂ ಪಳಗಿದ ಗಂಟಲು, ಮೈಕಿಲ್ಲದೆಯೂ ಕೆಲಸ ಮಾಡಿತು. ನನ್ನ ಬಸ್ ಸ್ಟ್ಯಾಂಡಿನ ಹಿಂದಿಯಲ್ಲಿ, ಎಲ್ಲರಿಗೂ ಕೇಳಿಸುವಂತೆ ಹೇಳಿದೆ: ಇವು ನಮ್ಮ ಅಕ್ಕನ ಚಪ್ಪಲಿ. ಅವಳಿಗೆ ಮೊಣಕಾಲು ನೋವು. ನಿಮ್ಮ ಸಾಲಿನಲ್ಲಿ ಎಲ್ಲೂ ಕೂರಲು ಜಾಗವಿಲ್ಲ, ಅದಕ್ಕೆ ಅವಳ ಬದಲು ಇವು ನಿಂತಿವೆ. ಜಾಗ ಅವಳದು. ತಪ್ಪು ಅವಳದಲ್ಲ, ಸರಿಸದೆ ದಾಟಿ ಹೋದವರದು. ಮೊದಲು ದಾಟಿದವನು ನಾನು.

ಜಪ್ತಿಯಾಗುವುದು ಈಗ ನಾನೇ ಎಂದುಕೊಂಡೆ. ಆದರೆ ಅವನು ವೈರ್‌ಲೆಸ್ಸು ಕೆಳಗಿಳಿಸಿದ. ಚಪ್ಪಲಿಗಳನ್ನೂ ಅಕ್ಕನನ್ನೂ ನೋಡಿದ. ದನಿ ತಗ್ಗಿಸಿ, "ನಮ್ಮ ಊರಿನಲ್ಲಿ ಇಟ್ಟಿಗೆ ಇಡುತ್ತಾರೆ" ಎಂದ. ಸೀಮೆಎಣ್ಣೆಯ ಸಾಲಿನಲ್ಲಂತೆ. ಅವನ ತಾಯಿ ತನ್ನ ಇಟ್ಟಿಗೆಗೆ ಸುಣ್ಣ ಹಚ್ಚಿ ಗುರುತು ಮಾಡಿಕೊಳ್ಳುತ್ತಿದ್ದಳಂತೆ. ಹಾಗೆಂದು ಕಾನೂನು ಬದಲಾಗುವುದಿಲ್ಲವಲ್ಲ. ಒಂದು ಉಪಾಯ ಹೇಳಿದ. ಗಾಲಿ ಕುರ್ಚಿ ತರಿಸುತ್ತೇನೆ, ಅದರಲ್ಲಿ ಕೂತರೆ ಸಾಲೇ ಇಲ್ಲದೆ ಎಲ್ಲರಿಗಿಂತ ಮುಂದೆ ಕಳಿಸುತ್ತೇನೆ ಎಂದ. ಒಳ್ಳೆಯ ಮನಸ್ಸಿನಿಂದಲೇ ಹೇಳಿದ.

ನಾನು ಹೆದರುತ್ತ ಅಕ್ಕನಿಗೆ ತಿಳಿಸಿದೆ. ಅವಳು ಸಿಟ್ಟಾಗಲಿಲ್ಲ. "ಅವನಿಗೆ ಹೇಳು, ನಿನ್ನ ತಾಯಿ ಹೊಟ್ಟಿ ತಣ್ಣಗಿರ್ಲಿ ಅಂತ. ಆದ್ರೆ ನನ್ನ ಪಾಳಿ ನನಗೈತೆ. ಅದನ್ನ ಬಿಟ್ಟು ಯಾರೋ ಕನಿಕರಪಟ್ಟು ಕೊಟ್ಟಿದ್ದು ನನಗ್ಯಾಕೆ? ಹಿಂದಕ್ಕೂ ಹೋಗಲ್ಲ, ಹಾರಿಕೊಂಡು ಮುಂದಕ್ಕೂ ಹೋಗಲ್ಲ. ಕುಂಡ್ರಾಕೆ ಏನಾರ ಇದ್ರೆ ಕೊಡು ಅನ್ನು" ಎಂದಳು.

ನಾನು ಒಂದಕ್ಷರ ಬಿಡದೆ ಹಿಂದಿಗೆ ಹಾಕಿದೆ. ಅವನು ಸ್ವಲ್ಪ ಹೊತ್ತು ತಲೆ ಕೆರೆದುಕೊಂಡ. ಆಮೇಲೆ ಮೂಲೆಗೆ ಹೋಗಿ, ತಾನು ಕೂರುವ ಪ್ಲಾಸ್ಟಿಕ್ ಕುರ್ಚಿಯನ್ನು ಒಂದು ಕೈಯಲ್ಲಿ ಎತ್ತಿಕೊಂಡು ಬಂದ. ಬಗ್ಗಿ, ಇನ್ನೊಂದು ಕೈಯಿಂದ ಚಪ್ಪಲಿಗಳನ್ನು ಎತ್ತಿ, ಎರಡು ತಿರುವು ಮುಂದೆ, ಹೆಡ್‌ಫೋನಿನ ಯುವಕನ ಮುಂದೆ ಇಟ್ಟ. ಕುರ್ಚಿಯನ್ನು ಅದರ ಪಕ್ಕದಲ್ಲಿ ಹಾಕಿದ. ಯುವಕ ಹೆಡ್‌ಫೋನನ್ನು ಕೊರಳಿಗೆ ಇಳಿಸಿ, "ಸಾರಿ ಆಂಟಿ" ಎಂದ. ನಾನು ನನ್ನ ಜಾಗಕ್ಕೆ ಹೋಗಲು ನೋಡಿದರೆ ಅಕ್ಕ ಕಣ್ಣು ಬಿಟ್ಟಳು. "ನೀನು ಪಾಳಿ ಬಿಟ್ಟು ಬಂದೆಯಲ್ಲ, ಹಿಂದಕ್ಕೆ ನಡಿ." ನಾನು ಕಟ್ಟಕಡೆಗೆ ಹೋಗಿ ನಿಂತೆ. ಯಾರಿಗೂ ತೋರಿಸದಂತೆ ಬಹಳ ಸಂತೋಷಪಟ್ಟೆ.

ಅಲ್ಲಿಂದ ನೋಡುತ್ತಿದ್ದೆ. ಸಾಲು ಎರಡು ಹೆಜ್ಜೆ ಸರಿದರೆ ಅಕ್ಕ ಎದ್ದು, ಕುರ್ಚಿಯನ್ನು ತಾನೇ ಎತ್ತಿ ಮುಂದಿಟ್ಟು, ಮತ್ತೆ ಕೂರುತ್ತಿದ್ದಳು. ಯುವಕ ಎತ್ತಿಕೊಡಲು ಬಂದರೆ ಕೈಯಾಡಿಸಿ ಕಳಿಸುತ್ತಿದ್ದಳು. ಯಂತ್ರದ ಬಾಯಿಯ ಹತ್ತಿರ ಬಂದಾಗ ಸುತ್ತ ಒಮ್ಮೆ ನೋಡಿ, ಹಿಂದೆ ಐದಾರು ಜನರಾಚೆ ಪಟ್ಟಿಯ ಕಂಬ ಹಿಡಿದು ನಿಂತಿದ್ದ ಬಸುರಿ ಹೆಂಗಸೊಬ್ಬಳನ್ನು ಕಂಡು, "ಏನವ್ವಾ, ಕುಂತ್ಕೋ ಬಾ. ನಂದು ಮುಗೀತು" ಎಂದು ಕುರ್ಚಿಯನ್ನು ಅವಳ ಕಡೆಗೆ ದಾಟಿಸಿದಳು. ಆ ಹೆಂಗಸು ಯಾವ ಸೀಮೆಯವಳೋ ಏನೋ. ಕೂತಳು.

ನಾನು ತಪಾಸಣೆ ಮುಗಿಸಿ ಆಚೆ ಹೋಗುವ ಹೊತ್ತಿಗೆ ಅಕ್ಕ ಚಪ್ಪಲಿ ಮೆಟ್ಟಿಕೊಂಡು, ಸೆರಗು ಸರಿ ಮಾಡಿಕೊಂಡು ನಿಂತಿದ್ದಳು. ಹಿಂದೆ ತಿರುಗಿ ನೋಡಿದೆ. ಆ ಪ್ಲಾಸ್ಟಿಕ್ ಕುರ್ಚಿ ಇನ್ನೂ ಸಾಲಿನೊಳಗೇ ಇತ್ತು. ಬಸುರಿ ಹೆಂಗಸು ಆಗಲೇ ಎದ್ದು ಹೋಗಿದ್ದಳು, ಈಗ ಅದರಲ್ಲಿ ಕೋಟು ಹಾಕಿದ ಮುದುಕರೊಬ್ಬರು ಕೂತಿದ್ದರು. ಸಾಲು ಸರಿದಾಗ ಎದ್ದು ತಾವೇ ಕುರ್ಚಿಯನ್ನು ಮುಂದಿಟ್ಟು ಕೂತರು. ಭದ್ರತೆಯವನು ಮೂಲೆಯಲ್ಲಿ ನಿಂತುಕೊಂಡೇ ಇದ್ದ, ಕುರ್ಚಿ ವಾಪಸ್ ಕೇಳಲಿಲ್ಲ.

"ಅಕ್ಕಾ, ನೋಡೇ ಅಲ್ಲಿ!" ಎಂದೆ.

ಅವಳು ತಿರುಗಲಿಲ್ಲ. "ಕುಂತ್ಕೊಳ್ಳಲಿ ಬಿಡು, ಅವರಿಗೂ ಕಾಲು ಅವೆ. ವಿಮಾನ ಎಲ್ಲೈತೆ ತೋರ್ಸು ನಡಿ" ಎಂದು ನನಗಿಂತ ಮುಂದೆ ಹೊರಟಳು.